ಮೀಟರು ನೋಡಲು ಬಂದವರು

ಚಾಮರಾಜನಗರದ ಬಸ್ಸು ಬಿಸಿಲೇರಿದ ಮೇಲಲ್ಲದೆ ಗುಂಡ್ಲುಪೇಟೆಗೆ ಬರುವುದಿಲ್ಲವೆಂದು ಚಿಕ್ಕಮಲ್ಲಪ್ಪನಿಗೆ ಚೆನ್ನಾಗಿ ಗೊತ್ತಿತ್ತು. ಆದರೂ ಬೆಳಗಿನಿಂದ ಹಜಾರಕ್ಕೂ ಜಗಲಿಗೂ ಅಲೆದಾಡುತ್ತಲೇ ಇದ್ದ. ಹೆದ್ದಾರಿಯಲ್ಲಿ ಬಂಡೀಪುರದ ಕಡೆಗೆ ಹೋಗುವ ಯಾವುದೋ ಲಾರಿ ಹಾರನ್ನು ಹೊಡೆದರೂ ಬಾಗಿಲಿಗೆ ಬಂದು ಬೀದಿಯ ತುದಿ ನೋಡುತ್ತಿದ್ದ. ಮೈಮೇಲೆ ಒಗೆದ ಜುಬ್ಬ, ಹಣೆಯ ಮೇಲೆ ಆಗತಾನೆ ಧರಿಸಿದ ವಿಭೂತಿ. ನೋಡಿದವರಿಗೆ ನೆಂಟರ ಮದುವೆಗೆ ಹೊರಟವನ ಹಾಗೆ ಕಾಣುತ್ತಿದ್ದರೂ ಕಂಕುಳಲ್ಲಿ ಆಗಲೇ ಬೆವರು ಒಡೆದಿತ್ತು. ಇವತ್ತು ಕೋರ್ಟಿನ ಕಮಿಷನರು ಬರುತ್ತಾರೆ. ಇದೇ ಬಾಗಿಲಲ್ಲಿ ನಿಂತು ಕರೆಂಟು ಆಫೀಸಿನ ಮೀಟರ್ ರೀಡರ್ ಮಾರಯ್ಯನನ್ನು ಕರೆದು, ತಿಂಗಳು ತಿಂಗಳೂ ನೀನು ಈ ಮನೆಯ ಮೀಟರು ನೋಡುತ್ತಿದ್ದ ಹಾಗೆಯೇ ಈಗಲೂ ನೋಡಿ ತೋರಿಸು ಎನ್ನುತ್ತಾರೆ. ಮಾರಯ್ಯ ಒಳಗೆ ಬಂದು ತೋರಿಸಿದರೆ ಚಿಕ್ಕಮಲ್ಲಪ್ಪ ಮಾನವಂತ. ತೋರಿಸದಿದ್ದರೆ ಕರೆಂಟು ಕಳ್ಳ. ದಂಡದ ಬಿಲ್ಲಿಗೆ ಹಿಟ್ಟಿನ ಮಿಲ್ಲು ಹೋಗುತ್ತದೆ, ಹೋದರೆ ಹೋಗಲಿ, ಕಳ್ಳ ಅನ್ನಿಸಿಕೊಂಡು ಈ ಬೀದಿಯಲ್ಲಿ ಮುಖ ಎತ್ತಿ ನಡೆಯುವುದು ಹೇಗೆ? ಇಷ್ಟೇ ಆಗಿದ್ದರೆ ಇಷ್ಟು ಹೆದರಬೇಕಾಗಿರಲಿಲ್ಲ. ಮಾರಯ್ಯ ಊರಾಚೆಯ ಕೇರಿಯವನು. ಈ ಮನೆಗೆ ಮೀಟರು ಬಂದಾಗಿನಿಂದ ಒಂದು ದಿನವೂ ಈ ಹೊಸಿಲು ದಾಟಿದವನಲ್ಲ.

ಬೀದಿಯ ಕಡೆಗಿದ್ದ ಮಿಲ್ಲಿನ ಬಾಗಿಲು ಹಾಕಿತ್ತು. ರಾಗಿಯ ಮಂಕರಿ ಹೊತ್ತು ಬಂದ ಪಕ್ಕದ ಬೀದಿಯ ಈರಮ್ಮ ಹಾಕಿದ ಬಾಗಿಲನ್ನೂ ಜಗಲಿಯ ಮೇಲಿದ್ದ ಚಿಕ್ಕಮಲ್ಲಪ್ಪನನ್ನೂ ಒಂದೇ ನೋಟದಲ್ಲಿ ಅಳೆದಳು.

"ಯಾಕಣ್ಣ, ಇವತ್ತು ಮಿಲ್ಲು ಇಲ್ವಾ?"

"ಇಲ್ಲ ಕಣಮ್ಮ, ನಾಳೆ ಬಾ."

"ಕರೆಂಟು ಇಲ್ವೋ, ಕರೆಂಟ್ನೋರು ಬತ್ತಾರೋ?" ಎಂದು ಬಾಯಿ ಅಗಲಿಸಿ ನಕ್ಕಳು. "ಬುಡಣ್ಣ, ನಮ್ಗೇನು, ಕದ್ದ ಕರೆಂಟ್ನಲ್ಲಿ ಬೀಸುದ್ರೂ ಮುದ್ದೆ ಮುದ್ದೇನೆ."

ಅವಳು ಹೋದ ಮೇಲೂ ಚಿಕ್ಕಮಲ್ಲಪ್ಪ ಅವಳ ಬೆನ್ನನ್ನೇ ನೋಡುತ್ತ ನಿಂತಿದ್ದ. ಸಿಟ್ಟು ಬರಬೇಕಾಗಿತ್ತು, ಬರಲಿಲ್ಲ. ಸಿಟ್ಟಾಗುವುದಕ್ಕೂ ಒಂದು ಯೋಗ್ಯತೆ ಬೇಕೇನೋ, ಅದು ಕರೆಂಟು ಆಫೀಸಿನ ಆ ಇನ್‌ಸ್ಪೆಕ್ಟರು ಮನೆಗೆ ಬಂದ ದಿನವೇ ತನ್ನನ್ನು ಬಿಟ್ಟು ಹೋಯಿತು. ದೀಪಾವಳಿ ಆಗತಾನೆ ಮುಗಿದಿತ್ತು. ಎಲ್ಲಿಂದಲೋ ವರ್ಗವಾಗಿ ಬಂದ ಹುಡುಗ, ಮೀಸೆ ಇನ್ನೂ ಸರಿಯಾಗಿ ಬಲಿತಿರಲಿಲ್ಲ, ಬೂಟುಗಾಲಲ್ಲೇ ಹಜಾರಕ್ಕೆ ನುಗ್ಗಿ ಮೀಟರಿನ ಪೆಟ್ಟಿಗೆ ತೆಗೆಸಿ ಸೀಲಿಗೆ ಬೆರಳು ಹಾಕಿ ಎಳೆದ. ಸೀಸದ ಬಿಲ್ಲೆ ಅವನ ಅಂಗೈಗೆ ಬಂತು. ಅದರ ಜೊತೆಗೆ ಬಂದ ತಾಮ್ರದ ಎಳೆಯನ್ನು ಬೆಳಕಿಗೆ ಹಿಡಿದು, "ಇದು ನಮ್ಮ ಆಫೀಸಿನ ತಂತಿ ಅಲ್ಲವಲ್ರೀ, ನಿಮ್ಮ ಮೋಟಾರಿನದು," ಎಂದ. ಕಿಟಕಿಯ ತುಂಬ ಮಿಲ್ಲಿಗೆ ಬಂದ ಹೆಂಗಸರ ತಲೆಗಳು. ಸೀಲು ಕಿತ್ತು, ಬೇಕೆಂದಾಗ ಮೀಟರು ನಿಲ್ಲಿಸಿ, ವರ್ಷವಿಡೀ ಕರೆಂಟು ಕದ್ದಿದ್ದಾರೆ ಎಂದು ಆ ಹುಡುಗ ಅಲ್ಲೇ ನಿಂತು ಬರೆದ, ಬರೆದದ್ದನ್ನು ಎಲ್ಲರಿಗೂ ಕೇಳುವ ಹಾಗೆ ಓದಿದ. ವಾರ ಕಳೆಯುವುದರೊಳಗೆ ವರ್ಷದ ಕಳವಿಗೆ ದಂಡವೆಂದು ಬಿಲ್ಲು ಬಂತು. ಚಾಮರಾಜನಗರದ ಕೋರ್ಟಿಗೆ ಓಡಿ ತಡೆ ತಂದದ್ದರಿಂದ ಮಿಲ್ಲಿನ ಕರೆಂಟು ಉಳಿಯಿತು. ಅವನೇನೂ ಕದ್ದಿರಲಿಲ್ಲ. ಕೋರ್ಟಿನಲ್ಲಿ, ಮಠದಲ್ಲಿ, ತಲೆಯ ಮೇಲೆ ಕೈಯಿಟ್ಟು ಎಲ್ಲಿ ಬೇಕಾದರೂ ಹೇಳಬಲ್ಲ, ಒಂದು ದಿನವೂ ಮೀಟರು ನಿಲ್ಲಿಸಿದವನಲ್ಲ. ಆದರೆ ಆ ಮಾತು ಹೆಂಗಸರ ಕಿವಿಗೆ ಬಿದ್ದ ದಿನದಿಂದ ಅವನಿಗೇ ಒಂದು ಅನುಮಾನ ಅಂಟಿಕೊಂಡಿತ್ತು. ಮಿಲ್ಲಿನ ಬೆಲ್ಟು ಓಡುವ ಸದ್ದು ಕೇಳಿದರೆ ಯಾರಾದರೂ ಲೆಕ್ಕ ಹಾಕುತ್ತಿದ್ದಾರೋ ಎಂದು ಬೀದಿ ನೋಡುತ್ತಿದ್ದ. ಮನೆಯಲ್ಲಿ ಬಲ್ಬು ಉರಿಯುತ್ತಿದ್ದರೆ ಹೋಗಿ ಆರಿಸುತ್ತಿದ್ದ, ಊಟಕ್ಕೆ ಕುಳಿತ ಹೆಂಡತಿ ಕತ್ತಲಲ್ಲಿ ಬೈಯುತ್ತಿದ್ದಳು.

ಕದಿಯಲಿಲ್ಲ, ನಿಜ. ಸೀಲು ಕಿತ್ತು ಬಂದದ್ದು ಮಾತ್ರ ಅವನ ಕೈಯಿಂದಲೇ. ಅದಕ್ಕೆ ಅಪ್ಪ ಕರಿಬಸವಯ್ಯನವರನ್ನೇ ಅನ್ನಬೇಕೋ, ತನ್ನ ಹಣೆಬರಹವನ್ನೇ ಅನ್ನಬೇಕೋ. ಊರಿಗೆ ಕರೆಂಟು ಬಂದಾಗ, ಅದೂ ಒಂದು ಶಕ್ತಿ, ಮೀಟರನ್ನು ಬೀದಿಯ ಗೋಡೆಗೆ ಹೊಡೆಯಬೇಡಿ ಎಂದು ಹಟ ಹಿಡಿದು ಹಜಾರದ ಒಳಗೋಡೆಗೆ ಹಾಕಿಸಿದವರು ಅಪ್ಪ. ಅಡುಗೆಮನೆಯ ಬಾಗಿಲಿನ ಒಂದು ಪಕ್ಕಕ್ಕೆ ಮಾದಪ್ಪನ ಪಟವಿದ್ದ ದೇವರ ಗೂಡು ಮೊದಲಿನಿಂದಲೂ ಇತ್ತು. ಅದನ್ನು ಮಾಡಿದ ಬಡಗಿಯನ್ನೇ ಕರೆಸಿ, ಅದೇ ತೇಗ, ಅದೇ ಅಳತೆ, ಇನ್ನೊಂದು ಪಕ್ಕಕ್ಕೆ ಮೀಟರಿಗೂ ಬಾಗಿಲಿರುವ ಪೆಟ್ಟಿಗೆ ಮಾಡಿಸಿದರು. ಆಯುಧಪೂಜೆಯ ದಿನ ಮೋಟಾರು, ಬೆಲ್ಟು, ಬೀಸುವ ಕಲ್ಲು, ತಕ್ಕಡಿ ಎಲ್ಲ ತೊಳೆದು ವಿಭೂತಿ ಹಚ್ಚಿದ ಮೇಲೆ ಮೀಟರಿಗೂ ಅದೇ ಮರ್ಯಾದೆ. ಅಪ್ಪ ಹೋದ ಮೇಲೂ ಚಿಕ್ಕಮಲ್ಲಪ್ಪ ಅದನ್ನು ಬಿಟ್ಟಿರಲಿಲ್ಲ. ಈ ಸಲ ಹುಣಿಸೆಹಣ್ಣು ಹಚ್ಚಿದ ಒದ್ದೆ ಬಟ್ಟೆಯಲ್ಲಿ ಒರೆಸುತ್ತಿದ್ದಾಗ ಸೀಲಿನ ತುಕ್ಕು ಹಿಡಿದ ತಂತಿ ಮಕ್ಕಳ ಹಾಲುಹಲ್ಲು ಉದುರುವ ಹಾಗೆ ಸದ್ದಿಲ್ಲದೆ ಕೈಗೆ ಬಂತು. ಸೀಸದ ಬಿಲ್ಲೆಯನ್ನು ಅಂಗೈಯಲ್ಲಿ ಇಟ್ಟುಕೊಂಡು ಬೀದಿಯ ಕಡೆಗೊಮ್ಮೆ ನೋಡಿದ. ಆಫೀಸಿಗೆ ಹೋಗಿ ಹೇಳಿದ್ದರೆ ಮುಗಿಯುತ್ತಿತ್ತು. ಸರ್ಕಾರದ ಸೀಲನ್ನು ಯಾಕೆ ಮುಟ್ಟಿದೆ ಎಂದರೆ? ಪೂಜೆಗೆ ಎಂದರೆ ನಗುವುದಿಲ್ಲವೆ? ಮಿಲ್ಲಿನ ಮೂಲೆಯಲ್ಲಿ ಹಳೆಯ ಮೋಟಾರಿನ ಸುತ್ತು ಬಿದ್ದಿತ್ತು, ಅದರಿಂದ ಒಂದು ಎಳೆ ಬಿಚ್ಚಿ ಸೀಲನ್ನು ಇದ್ದ ಜಾಗದಲ್ಲೇ ಕಟ್ಟಿ, ಮೇಲೆ ಚೆಂಡುಹೂವಿನ ಸರ ಇಳಿಬಿಟ್ಟು, ಕರ್ಪೂರ ಹಚ್ಚಿದ. ಆರತಿಗೆ ಬಂದ ಶಾಂತಮಲ್ಲಮ್ಮನಿಗೂ ಹೇಳಲಿಲ್ಲ.

ಆಮೇಲೆ ಮಾರಯ್ಯ ಮೀಟರು ಬರೆಯಲು ಬಂದ. ಅವನು ಬರುವ ಕ್ರಮ ಒಂದೇ. ಜಗಲಿಯ ಕೆಳಗೆ, ಬಾಗಿಲಿಗೆ ನೇರವಾಗಿ ನಿಂತು, "ಬುದ್ಧಿ, ಮೀಟ್ರು" ಎಂದು ಕೂಗುತ್ತಿದ್ದ. ಚಿಕ್ಕಮಲ್ಲಪ್ಪ ಒಳಗೆ ಪೆಟ್ಟಿಗೆ ತೆಗೆದು ಅಂಕಿಗಳನ್ನು ಒಂದೊಂದಾಗಿ ಕೂಗಿ ಹೇಳುತ್ತಿದ್ದ, ಹೊರಗೆ ಮಾರಯ್ಯ ತೊಡೆಯ ಮೇಲೆ ಪುಸ್ತಕವಿಟ್ಟು ಬರೆದುಕೊಳ್ಳುತ್ತಿದ್ದ. ಯಾರೂ ಹೀಗೇ ಮಾಡಬೇಕೆಂದು ಯಾರಿಗೂ ಹೇಳಿದ್ದಲ್ಲ. ಮೊದಲ ತಿಂಗಳು ಹಾಗಾಯಿತು, ಆಮೇಲೆ ಹಾಗೆಯೇ ನಡೆಯಿತು. ಕೊನೆಗೆ ಅವನು ಕೇಳುವ ಮಾತೂ ಒಂದೇ: "ಸೀಲು ಸರ್‍ಯಾಗದಾ ಬುದ್ಧಿ?" ಪೂಜೆಯಾದ ತಿಂಗಳು ಆ ಮಾತು ಬಂದಾಗ ಚಿಕ್ಕಮಲ್ಲಪ್ಪ ಪೆಟ್ಟಿಗೆಯ ಬಾಗಿಲು ಮುಚ್ಚಿದ. "ಅದೆ, ಬರ್ಕೊ," ಎಂದ. ಮಾರಯ್ಯ ಬರೆದುಕೊಂಡ. ಅವನು ಎಂದೂ ಎರಡನೆಯ ಸಲ ಕೇಳಿದವನಲ್ಲ.

"ಅಲ್ಲಿ ಯಾಕ್ ನಿಂತ್ಕಂಡು ಗೋಡೆ ನೋಡ್ತಾ ಇದ್ದೀರಿ?" ಶಾಂತಮಲ್ಲಮ್ಮನ ದನಿ. ಅವನು ಯಾವಾಗ ಜಗಲಿಯಿಂದ ಹಜಾರಕ್ಕೆ ಬಂದನೋ ಅವನಿಗೇ ತಿಳಿದಿರಲಿಲ್ಲ. ಅವಳು ಅಡುಗೆಮನೆಯ ಬಾಗಿಲಲ್ಲಿ ಸೆರಗು ಸೊಂಟಕ್ಕೆ ಸಿಕ್ಕಿಸಿ ನಿಂತಿದ್ದಳು. ಚಂದಕವಾಡಿಯ ತಂಗಿಯ ಮನೆಗೆ ಹೋಗಿ ಎರಡು ದಿನ ಇದ್ದು ಬಾ ಎಂದು ಅವನು ವಾರದಿಂದ ಹೇಳುತ್ತಿದ್ದರೂ ಅವಳು ಹೊರಟಿರಲಿಲ್ಲ. ನೀರಿನ ಹಂಡೆಗೆ ತಟ್ಟೆ ಮುಚ್ಚಿ, ಕುಡಿಯುವ ಬಿಂದಿಗೆಯನ್ನು ಒಳಗಿನ ಕೋಣೆಗೆ ಸಾಗಿಸಿ, ಹೊದಿಕೆ ಬಟ್ಟೆಯನ್ನೆಲ್ಲ ಗಂಟು ಕಟ್ಟಿ ಮೇಲಿಟ್ಟಿದ್ದಳು. ಬೆಳಗಿನ ಪೂಜೆಯನ್ನು ಕೋಳಿ ಕೂಗುವ ಹೊತ್ತಿಗೇ ಮುಗಿಸಿ ದೇವರ ಗೂಡಿನ ಹೂವನ್ನೂ ತೆಗೆದು ಬಾಗಿಲು ಹಾಕಿದ್ದಳು. ಎಂದೂ ಹಾಕದ ಬಾಗಿಲು. ಅದರ ಮೇಲಿನ ವಿಭೂತಿ, ಕುಂಕುಮವನ್ನು ಸಹ ಒರೆಸಿದ್ದಳು.

"ಕೋರ್ಟ್ನೋರ್ ಕಣ್ಣು, ಕಂಡೋರ್ ಕಣ್ಣು ದೇವ್ರ ಮ್ಯಾಲೆ ಯಾಕ್ ಬೀಳ್ಬೇಕು," ಎಂದಳು, ಅವನು ನೋಡುವುದನ್ನು ನೋಡಿ. "ಅವ್ನು ಒಳಕ್ ಬರೋದು ದಿಟವಾ?"

"ಬರ್ದಿದ್ರೆ ನಾವು ಬೀದಿಗೆ ಬೀಳ್ತೀವಿ ಕಣೆ."

"ಬರ್ಲಿ ಬುಡಿ. ಅವ್ನು ಓದ್ಮೇಲೆ ನೆಲ ತೊಳ್ಕತೀನಿ. ಆದ್ರೆ ದಿನಾ ಬತ್ತಿದ್ದ ಅಂತ ಕೋರ್ಟಲ್ಲಿ ನಿಂತು ಏಳ್ಬುಟ್ರಲ್ಲ, ಅದ ಎಂಗೆ ತೊಳೀಲಿ? ನಿನ್ನೆ ಮಠದಲ್ಲಿ ನನ್ ಪಕ್ಕ ಯಾರೂ ಕೂತ್ಕನಿಲ್ಲ."

ಅವಳ ಕಣ್ಣಲ್ಲಿ ನೀರಿತ್ತು. ಚಿಕ್ಕಮಲ್ಲಪ್ಪನಿಗೆ ಅವಳ ಕೈ ಹಿಡಿದು, ನಾನು ಸುಳ್ಳು ಹೇಳಿದೆ, ಸುಳ್ಳೆಂದು ಊರಿಗೂ ಗೊತ್ತಿದೆ, ಆದರೂ ನಿಜವೆಂಬಂತೆ ನಮ್ಮನ್ನು ಶಿಕ್ಷಿಸುತ್ತಿದ್ದಾರಲ್ಲ ಎಂದು ಹೇಳಬೇಕೆನ್ನಿಸಿತು. ಇದನ್ನೆಲ್ಲ ಶುರು ಮಾಡಿದವರು ವಕೀಲ ಗುರುಪಾದಸ್ವಾಮಿಯವರು. ಚಾಮರಾಜನಗರದ ಅವರ ಮನೆಯ ಮುಂಚಾವಡಿಯಲ್ಲಿ ಚಿಕ್ಕಮಲ್ಲಪ್ಪ ಎಲ್ಲವನ್ನೂ ಬಿಚ್ಚಿ ಹೇಳಿದಾಗ ಅವರು ಎಲೆಗೆ ಸುಣ್ಣ ಸವರುತ್ತಲೇ ಕೇಳಿಸಿಕೊಂಡಿದ್ದರು. "ಪೂಜೆ ಗೀಜೆ ಮಾತು ಎತ್ತಬೇಡಿ ಚಿಕ್ಕಮಲ್ಲಪ್ಪನೋರೆ. ಸೀಲು ಮುಟ್ಟಿದೆ ಅಂದ್ರೆ ಅಲ್ಲಿಗೇ ಮುಗೀತು. ನಿಮ್ಮನ್ನ ಉಳಿಸೋದು ಒಂದೇ, ಆ ಮಾರಯ್ಯನ ಬರಹ. ತಿಂಗಳು ತಿಂಗಳೂ ಸೀಲು ಸರಿಯಾಗಿದೆ ಅಂತ ಅವರ ಆಫೀಸಿನೋನೇ ಬರ್ಕೊಂಡಿದ್ದಾನೆ. ಹಾಗಿದ್ಮೇಲೆ ವರ್ಷದಿಂದ ಕದ್ದಿದ್ದಾರೆ ಅನ್ನೋದು ಎಲ್ಲಿಂದ ಬಂತು?" ಆಮೇಲೆ ಎಲೆಯನ್ನು ಬಾಯಿಗಿಟ್ಟು, ದನಿ ತಗ್ಗಿಸಿ, "ಆದ್ರೆ ಅವನು ಒಳಗೆ ಬಂದು ಕಣ್ಣಾರೆ ನೋಡ್ತಿದ್ದ ಅಂತ ನೀವು ಹೇಳ್ಬೇಕು. ಬೀದೀಲಿ ನಿಂತಿದ್ದ ಅಂದ್ರೆ ಅವನ ಬರಹಕ್ಕೆ ಬೆಲೆ ಇಲ್ಲ. ಅಸ್ಪೃಶ್ಯತೆ ಮೇಲೆ ಹೊಸ ಕಾನೂನು ಬೇರೆ ಬಂದಿದೆ. ಅದು ಮನೆಯೊಳಗಿನ ಮಾತಿಗೆ ಬರುತ್ತೋ ಬಿಡುತ್ತೋ, ಜಡ್ಜಿ ಕಿವಿಗೆ ಬೀಳೋದು ಚೆನ್ನಾಗಿರಲ್ಲ," ಎಂದರು. ಕದಿಯದವನಿಗೆ ಕದ್ದಿಲ್ಲವೆಂದು ಹೇಳುವುದಕ್ಕೆ ಸುಳ್ಳು ಬೇಕಾಯಿತು. ಆ ಸುಳ್ಳಾದರೂ ಎಂಥದು? ತಾನು ತನಗಿಂತ ದೊಡ್ಡ ಮನಸ್ಸಿನವನು ಎಂಬ ಸುಳ್ಳು.

ಕಟಕಟೆ ಹತ್ತಿ ಪ್ರಮಾಣ ಮಾಡುವಾಗ ಎಡಗೈ ತಾನಾಗಿಯೇ ಜುಬ್ಬದೊಳಗಿನ ಲಿಂಗದ ಕರಡಿಗೆಯನ್ನು ಹಿಡಿದುಕೊಂಡಿತ್ತು. ಎದುರು ವಕೀಲರಿಗೆ ಕೆಮ್ಮು. ಒಂದೊಂದು ಪ್ರಶ್ನೆಗೂ ಕೆಮ್ಮಿ, ಕರವಸ್ತ್ರದಲ್ಲಿ ಬಾಯಿ ಒರೆಸಿಕೊಂಡು, ಅವಸರವೇ ಇಲ್ಲದೆ ಕೇಳಿದರು. ಮೀಟರು ಎಲ್ಲಿದೆ? ಹಜಾರದಲ್ಲಿ ಸ್ವಾಮಿ. ಮಾರಯ್ಯ ಯಾವ ಜನ ಎಂದು ಗೊತ್ತೆ? ಗೊತ್ತು ಸ್ವಾಮಿ. ಅವನು ನಿಮ್ಮ ಹಜಾರಕ್ಕೆ ಬರುತ್ತಿದ್ದನೆ? ಬತ್ತಿದ್ದ ಸ್ವಾಮಿ. ಪ್ರತಿ ತಿಂಗಳೂ? ಪ್ರತಿ ತಿಂಗಳೂ. ಸಂತೋಷ, ಬಿಸಿಲಲ್ಲಿ ಬಂದವನಿಗೆ ನೀರು ಗೀರು ಕೊಡುತ್ತಿದ್ದಿರೋ? ಕೊಡ್ತಿದ್ದೊ. ಯಾವ ಲೋಟದಲ್ಲಿ? ಕೋರ್ಟು ಗೊಳ್ಳೆಂದಿತು. ನಮ್ಮನೇಲಿ ಅದೆಲ್ಲ ಇಲ್ಲ ಸ್ವಾಮಿ, ಎಂದು ಚಿಕ್ಕಮಲ್ಲಪ್ಪ ಹೇಳಿದ ಹೊತ್ತಿಗೆ ಹಿಂದಿನ ಬೆಂಚಿನಲ್ಲಿ ಒಂದು ಮುಖ ಕಂಡಿತು. ಈರುಳ್ಳಿ ಮಂಡಿಯ ಗಂಗಾಧರಸ್ವಾಮಿ, ಮಗಳನ್ನು ಕೊಟ್ಟ ಬೀಗರು. ತಮ್ಮ ಯಾವುದೋ ವ್ಯಾಜ್ಯಕ್ಕೆ ಬಂದಿದ್ದವರು ಒಮ್ಮೆ ತಲೆಯೆತ್ತಿ ನೋಡಿ, ಆಮೇಲೆ ತಮ್ಮ ಕಾಲಿನ ಹೆಬ್ಬೆರಳನ್ನೇ ನೋಡುತ್ತ ಕುಳಿತುಬಿಟ್ಟರು. ಮಾರಯ್ಯನ ಸರದಿ ಬಂದಾಗ ಅವನೂ ಅದನ್ನೇ ಹೇಳಿದ. ಓಗಿ ನೋಡ್ತಿದ್ದೆ ಸ್ವಾಮಿ, ಕೈಲಿ ಮುಟ್ಟಿ ನೋಡ್ತಿದ್ದೆ. ಬೇರೆ ಏನು ಹೇಳಿಯಾನು? ನೋಡದೆಯೇ ಬರೆದೆ ಎಂದರೆ ಅವನ ಕೆಲಸ ಉಳಿಯುವುದಿಲ್ಲ. ಇಬ್ಬರೂ ಒಬ್ಬರ ಮುಖ ಒಬ್ಬರು ನೋಡದೆ ಒಂದೇ ಸುಳ್ಳನ್ನು ಎರಡು ಕಡೆಯಿಂದ ಹೊತ್ತು ನಿಂತರು. ಜಡ್ಜಿ ಕನ್ನಡಕ ತೆಗೆದು ಮೇಜಿನ ಮೇಲಿಟ್ಟು, "ಇಷ್ಟೊಂದು ಮಾತು ಯಾಕೆ, ಹೋಗಿ ನೋಡಿಕೊಂಡೇ ಬರಲಿ," ಎಂದು ಕಮಿಷನರನ್ನು ನೇಮಿಸಿದರು. ಸಂಜೆಯ ಬಸ್ಸಿನಲ್ಲಿ ಗಂಗಾಧರಸ್ವಾಮಿಯವರು ಚಿಕ್ಕಮಲ್ಲಪ್ಪನ ಪಕ್ಕದ ಸೀಟು ಖಾಲಿ ಇದ್ದರೂ ಗುಂಡ್ಲುಪೇಟೆಯವರೆಗೆ ನಿಂತೇ ಬಂದರು.

ಜಡ್ಜಿ ಹಾಗೆಂದ ಕೂಡಲೇ ಗುರುಪಾದಸ್ವಾಮಿಯವರು ಕಿವಿಯಲ್ಲಿ ಹೇಳಿದ್ದರು, ಹೆದರಬೇಡಿ, ಅದಕ್ಕೆ ಮುಂಚೆ ಒಂದು ಸಲ ಅವನನ್ನು ಒಳಗೆ ಕರೆದು ತೋರಿಸಿಬಿಡಿ, ಅಷ್ಟೆ. ಅಷ್ಟೆ! ಇಷ್ಟು ದಿನ ಅದು ಆಗಿರಲಿಲ್ಲ. ನಿನ್ನೆ ಸಂಜೆ ಶಾಂತಮಲ್ಲಮ್ಮ ಮಠಕ್ಕೆ ಹೋದಾಗ ಮಾರಯ್ಯ ತಾನಾಗಿಯೇ ಬಂದ. ಜಗಲಿಯ ಕೆಳಗೆ, ಅದೇ ಜಾಗದಲ್ಲಿ ನಿಂತ. ಮನೆಯಲ್ಲಿ ಯಾರೂ ಇರಲಿಲ್ಲ, ಬೀದಿಯಲ್ಲೂ ಯಾರೂ ಇರಲಿಲ್ಲ. ಚಿಕ್ಕಮಲ್ಲಪ್ಪ ಬಾಗಿಲಲ್ಲಿ ನಿಂತುಕೊಂಡ. ಬಾ ಎನ್ನುವುದು ಎಷ್ಟು ಸಣ್ಣ ಮಾತು. ಅದನ್ನು ಅವನು ಬೆಳಗಿನಿಂದ ಬಾಯಲ್ಲಿಟ್ಟುಕೊಂಡು ಓಡಾಡಿದ್ದ. ಮಾರಯ್ಯನ ಖಾಕಿ ಅಂಗಿ, ಬೆವರು ಒಣಗಿ ಬಿಳಿಗಟ್ಟಿದ ಅದರ ಬೆನ್ನು, ಧೂಳಿನ ಕಾಲು, ಇದನ್ನೆಲ್ಲ ನೋಡುತ್ತಿದ್ದ ಹಾಗೆ ಆ ಮಾತು ನಾಲಿಗೆಯಿಂದ ಹಿಂದಕ್ಕೆ ಸರಿಯಿತು. ಮಠದಲ್ಲಿ ಶರಣರ ಮಾತು ಕೇಳಿ ತಲೆದೂಗಿದವನು ತಾನೇ. ಆ ತಲೆ ಬೇರೆ, ಈ ಬಾಗಿಲು ಹಿಡಿದು ನಿಂತ ಕೈ ಬೇರೆ.

"ನೋಡ್ಲಾ ಮಾರ, ಅಡಿಗೆಮನೆ ಬಾಗಿಲ ಪಕ್ಕದಲ್ಲೇ ಗೋಡೆಗದೆ. ತೇಗದ್ ಪೆಟ್ಗೆ, ಹಿತ್ತಾಳೆ ಬಳೆ. ಬಳೆ ಎಳುದ್ರೆ ಬಾಗ್ಲು ತಕ್ಕತದೆ. ಒಳಗೆ ಮೀಟ್ರು."

"ತೇಗದ್ ಪೆಟ್ಗೆ, ಇತ್ತಾಳೆ ಬಳೆ," ಎಂದು ಮಾರಯ್ಯ ಪಾಠ ಒಪ್ಪಿಸಿದ. ಅವನ ಕಣ್ಣು ಚಿಕ್ಕಮಲ್ಲಪ್ಪನ ಭುಜದ ಆಚೆ ಕತ್ತಲಾಗುತ್ತಿದ್ದ ಹಜಾರವನ್ನು ಹುಡುಕುತ್ತಿತ್ತು. "ಬುದ್ಧಿ, ಒಂದ್ಸಲ ಬಂದು ನೋಡ್ಬುಡ್ಲಾ? ನಾಳೀಕೆ ಏನಾರ ಎಚ್ಚುಕಮ್ಮಿ ಆದ್ರೆ ನನ್ ಕೆಲ್ಸ ಓಯ್ತದೆ. ಮನೇಲಿ ಎಲ್ರೂ ನನ್ ಸಂಬ್ಳದ ಮ್ಯಾಲೇ ಇರೋದು."

"ಬ್ಯಾಡ ಬುಡು, ಕತ್ತಲಾಯ್ತು. ತಪ್ಪೋಕೆ ಅದೇನು ಅರಮನೆಯಾ?" ಎಂದು ಚಿಕ್ಕಮಲ್ಲಪ್ಪ ನಗಲು ನೋಡಿದ. ಮಾರಯ್ಯ ನಗಲಿಲ್ಲ. ಆಯ್ತು ಬುದ್ಧಿ ಎಂದು ಹೊರಟುಹೋದ. ಅವನ ಬೆನ್ನು ಬೀದಿಯ ತಿರುವಿನಲ್ಲಿ ಮರೆಯಾದಾಗ ಚಿಕ್ಕಮಲ್ಲಪ್ಪನಿಗೆ ಹಗುರವೆನಿಸಿತು, ಆ ಹಗುರಕ್ಕೆ ತಕ್ಷಣ ನಾಚಿಕೆಯೂ ಆಯಿತು.

ಬಸ್ಸು ಬಂದೇ ಬಂತು. ಹಾರನ್ನು ಹೊಡೆಯದೆ ಬಂದದ್ದರಿಂದ ಅವನಿಗೆ ತಿಳಿದದ್ದು ಜನ ಬೀದಿಯ ತುದಿಯಲ್ಲಿ ಕಾಣಿಸಿದ ಮೇಲೆಯೇ. ಮುಂದೆ ಕೊಡೆ ಹಿಡಿದ ಕಮಿಷನರು, ಅವರೂ ವಕೀಲರೇ, ಎತ್ತರದ ವಯಸ್ಸಾದ ಮನುಷ್ಯ. ಪಕ್ಕದಲ್ಲಿ ನಗುತ್ತ ಮಾತಾಡುತ್ತ ಗುರುಪಾದಸ್ವಾಮಿಯವರು. ಆಮೇಲೆ ಆ ಮೀಸೆ ಬಲಿಯದ ಇನ್‌ಸ್ಪೆಕ್ಟರು. ಇವರೆಲ್ಲರಿಂದ ಒಂದಷ್ಟು ದೂರದಲ್ಲಿ, ಪುಸ್ತಕವನ್ನು ಎದೆಗೆ ಅವುಚಿಕೊಂಡ ಮಾರಯ್ಯ. ಇವತ್ತು ಅವನ ಅಂಗಿ ಒಗೆದದ್ದಾಗಿತ್ತು, ಕೈಕಾಲನ್ನು ಹತ್ತಿರದಲ್ಲೇ ಎಲ್ಲೋ ಆಗತಾನೆ ತೊಳೆದುಕೊಂಡು ಬಂದಿದ್ದ. ಅದನ್ನು ಕಂಡು ಚಿಕ್ಕಮಲ್ಲಪ್ಪ ಕಣ್ಣನ್ನು ಬೇರೆ ಕಡೆಗೆ ತಿರುಗಿಸಿದ. ಕಮಿಷನರು ಜಗಲಿಯ ಮೇಲೆ ಚಪ್ಪಲಿ ಬಿಟ್ಟು, ಬಾಗಿಲನ್ನೂ ಕಿಟಕಿಗಳನ್ನೂ ನೋಡಿಕೊಂಡು, ಹಜಾರಕ್ಕೆ ಬಂದು ಗೋಡೆಗೊರಗಿ ನಿಂತರು. ಚಿಕ್ಕಮಲ್ಲಪ್ಪ ಕುರ್ಚಿ ತೋರಿಸಿದ, ಅವರು ಕೂರಲಿಲ್ಲ. ಬೀದಿಯಲ್ಲಿ ಜನ ಸೇರಿದ್ದರು. ಈರಮ್ಮನೂ ಇದ್ದಳು.

"ನೀವ್ಯಾರೂ ಮಾತಾಡಕೂಡದು, ಸನ್ನೆ ಮಾಡಕೂಡದು," ಎಂದು ಕಮಿಷನರು ಮೆಲ್ಲಗೆ ಹೇಳಿದರು. ಆಮೇಲೆ ಹೊರಗೆ ನೋಡಿ, "ಮಾರಯ್ಯ, ಬಾಪ್ಪ. ಯಾವಾಗಲೂ ಮಾಡೋ ಹಾಗೆ ಮಾಡು," ಎಂದರು.

ಮಾರಯ್ಯ ಜಗಲಿ ಹತ್ತಿದ. ಹೊಸಿಲಿನ ಮುಂದೆ ಅವನ ಕಾಲು ತಾನಾಗಿಯೇ ನಿಂತಿತು. ನಿಂತದ್ದು ಒಂದು ಉಸಿರಿನಷ್ಟು ಹೊತ್ತು ಮಾತ್ರ, ಆದರೆ ಅಷ್ಟರಲ್ಲಿ ಬೀದಿಯ ಪಿಸುಗುಟ್ಟುವಿಕೆ ಸುಮ್ಮನಾಯಿತು. ಆಮೇಲೆ ಅವನ ಬಲಗಾಲು ಒಳಗೆ ಬಂತು. ಕಲ್ಲುಹಾಸಿನ ಮೇಲೆ ಒದ್ದೆ ಪಾದದ ಗುರುತು ಬಿತ್ತು, ಚಿಕ್ಕಮಲ್ಲಪ್ಪ ಆ ಗುರುತನ್ನೇ ನೋಡಿದ. ಏನೂ ಆಗಲಿಲ್ಲ. ಗೋಡೆ ಗೋಡೆಯ ಹಾಗೇ ಇತ್ತು. ಇಷ್ಟೇನೇ, ಇಷ್ಟಕ್ಕೇನಾ ಎಂದು ಮನಸ್ಸು ಒಳಗೊಳಗೇ ಹಗುರಾಗತೊಡಗಿತು. ಹೊರಗಿನ ಬಿಸಿಲಿನಿಂದ ಬಂದ ಮಾರಯ್ಯ ಹಜಾರದ ಮಬ್ಬಿಗೆ ಕಣ್ಣು ಕಿರಿದು ಮಾಡಿ ನಿಂತ. ಅಡುಗೆಮನೆಯ ಬಾಗಿಲು ಕಂಡಿತು. ಅವನ ಮುಖ ಆ ಕಡೆಗೆ ತಿರುಗಿತು, ಮತ್ತೆ ಈ ಕಡೆಗೆ ತಿರುಗಿತು, ಮತ್ತೆ ಆ ಕಡೆಗೆ. ಅವನು ಯಾಕೆ ಹಾಗೆ ನೋಡುತ್ತಿದ್ದಾನೆಂದು ಚಿಕ್ಕಮಲ್ಲಪ್ಪನಿಗೆ ಮೊದಲು ಅರ್ಥವಾಗಲಿಲ್ಲ. ಆಮೇಲೆ ಅವನೂ ಗೋಡೆಯನ್ನು ನೋಡಿದ. ಹುಟ್ಟಿದಾಗಿನಿಂದ ನೋಡುತ್ತಿದ್ದ ಗೋಡೆಯನ್ನು ಮಾರಯ್ಯನ ಕಣ್ಣಿಂದ ನೋಡಿದ. ಬಾಗಿಲಿನ ಆಚೆಗೊಂದು, ಈಚೆಗೊಂದು, ಒಂದೇ ಅಳತೆಯ ಎರಡು ತೇಗದ ಪೆಟ್ಟಿಗೆ. ಎರಡಕ್ಕೂ ಹಿತ್ತಾಳೆ ಬಳೆ. ಹೂವಿಲ್ಲ, ವಿಭೂತಿ ಇಲ್ಲ, ಎರಡೂ ಮುಚ್ಚಿದ್ದವು. ದೇವರ ಗೂಡನ್ನು ಅವನು ಮಾರಯ್ಯನಿಗೆ ಹೇಳಿಯೇ ಇರಲಿಲ್ಲ. ಅದೂ ಒಂದು ಪೆಟ್ಟಿಗೆ ಎಂದು ಅವನಿಗೆ ಹೊಳೆದೇ ಇರಲಿಲ್ಲ.

ಮಾರಯ್ಯ ಅವನ ಮುಖ ನೋಡಿದ. ರೆಪ್ಪೆ ಅಲುಗಿಸಿದ್ದರೂ ಸಾಕಾಗಿತ್ತು. ಕಮಿಷನರ ಕಣ್ಣು ತನ್ನ ಮೇಲಿದೆ ಎಂಬ ಭಯಕ್ಕೆ ಚಿಕ್ಕಮಲ್ಲಪ್ಪನ ಕತ್ತು ಮರಗಟ್ಟಿಹೋಗಿತ್ತು. ಗುರುಪಾದಸ್ವಾಮಿಯವರು ಸುಮ್ಮನೆ ಕೆಮ್ಮಿದರು. ತಡ ಮಾಡಿದರೆ ಕೆಡುತ್ತದೆ ಎಂದು ಮಾರಯ್ಯನಿಗೂ ಅನ್ನಿಸಿರಬೇಕು. ದಿನವೂ ಓಡಾಡಿದ ಜಾಗದಲ್ಲಿ ನಡೆಯುವವನ ಹಾಗೆ ನೆಟ್ಟಗೆ ನಡೆದು, ಪುಸ್ತಕವನ್ನು ಕಂಕುಳಿಗೆ ಸೇರಿಸಿ, ದೇವರ ಗೂಡಿನ ಬಳೆಗೆ ಕೈ ಚಾಚಿದ.

ತಪ್ಪಿದರೆ ತಪ್ಪಲಿ, ಮಬ್ಬಿನಲ್ಲಿ ಕಣ್ಣು ಕಾಣಲಿಲ್ಲ ಎಂದು ಹೇಳಬಹುದಿತ್ತು. ವಕೀಲರಿದ್ದರು, ಏನಾದರೂ ಹೇಳುತ್ತಿದ್ದರು. ಚಿಕ್ಕಮಲ್ಲಪ್ಪನಿಗೆ ಇದೆಲ್ಲ ಗೊತ್ತಿತ್ತು. ಸುಮ್ಮನಿರು, ಸುಮ್ಮನಿರು ಎಂದು ತನಗೆ ತಾನೇ ಹೇಳಿಕೊಳ್ಳುತ್ತಲೂ ಇದ್ದ.

"ಮುಟ್‌ಬ್ಯಾಡ ಕಣ್ಲಾ!"

ಹಜಾರವೇ ಅದುರಿತು. ಯಾರು ಕೂಗಿದರೆಂದು ಅವನೂ ಸುತ್ತ ನೋಡಿದ. ಎಲ್ಲರೂ ಅವನನ್ನೇ ನೋಡುತ್ತಿದ್ದರು. ಮಾರಯ್ಯನ ಕೈ ಬಳೆಯಿಂದ ಬೆರಳಷ್ಟು ದೂರದಲ್ಲಿ ಗಾಳಿಯಲ್ಲೇ ನಿಂತಿತ್ತು, ಆಮೇಲೆ ನಿಧಾನವಾಗಿ ಇಳಿಯಿತು.

"ಯಾಕೆ ಮುಟ್ಟಬಾರದು?" ಎಂದು ಕಮಿಷನರು ಕೇಳಿದರು. ಗದರಲಿಲ್ಲ, ತಿಳಿದುಕೊಳ್ಳಬೇಕೆಂದು ಕೇಳುವವರ ಹಾಗೆ ಕೇಳಿದರು.

"ಶಾಕ್ ಹೊಡೀತದೆ ಅಂತ ಸ್ವಾಮಿ," ಎಂದು ಗುರುಪಾದಸ್ವಾಮಿಯವರು ಅವಸರದಲ್ಲಿ ಹೇಳಿದರು, "ಮೀಟರಲ್ಲವೆ, ಒದ್ದೆ ಕೈ ನೋಡಿ." ಕಮಿಷನರು ಹೋಗಿ ತಾವೇ ಬಳೆ ಹಿಡಿದು ಎಳೆದರು. ಒಳಗೆ ಹುಲಿಯ ಮೇಲೆ ಕುಳಿತ ಮಾದಪ್ಪ. ಇನ್‌ಸ್ಪೆಕ್ಟರು ಮುಖ ಆಚೆಗೆ ತಿರುಗಿಸಿ ನಕ್ಕ. ಅಡುಗೆಮನೆಯ ಕತ್ತಲಲ್ಲಿ ಶಾಂತಮಲ್ಲಮ್ಮ ಕೆಳಗೆ ಕುಳಿತ ಸದ್ದಾಯಿತು. ಮಾರಯ್ಯ ಮಾತ್ರ ಪುಸ್ತಕವನ್ನು ನೆಲದ ಮೇಲಿಟ್ಟು ಮಾದಪ್ಪನಿಗೆ ಎರಡೂ ಕೈ ಜೋಡಿಸಿದ. ಚಿಕ್ಕಮಲ್ಲಪ್ಪನಿಗೆ ಭೂಮಿ ಬಾಯಿ ಬಿಡಬಾರದೇ ಅನ್ನಿಸಿತು. ಮಿಲ್ಲು ಹೋಯಿತೆಂದಲ್ಲ, ಕಳ್ಳನಾದೆನೆಂದೂ ಅಲ್ಲ. ಇಷ್ಟು ದಿನ ಯಾರು ಯಾರೋ ತನ್ನನ್ನು ಹಿಡಿದು ಕೊಡುತ್ತಾರೆಂದು ಹೆದರಿದ್ದವನಿಗೆ ಆ ಕೂಗು ತನ್ನ ಹೊಟ್ಟೆಯಲ್ಲೇ ಕಾದು ಕುಳಿತಿತ್ತೆಂದು ಈಗ ತಿಳಿಯಿತು.

"ಮಾರಯ್ಯ, ನಿಜ ಹೇಳು. ಈ ಮನೆಯೊಳಕ್ಕೆ ಯಾವತ್ತು ಬಂದಿದ್ದೆ?" ಎಂದರು ಕಮಿಷನರು.

"ಇವತ್ತೇ ಸ್ವಾಮಿ. ಇದೇ ಮೊದ್ಲು."

ಕಮಿಷನರು ಜೇಬಿನಿಂದ ಪೆನ್ನು ತೆಗೆದರು. ಮಾರಯ್ಯ ಪುಸ್ತಕ ಎತ್ತಿಕೊಂಡು ಹೊರಡಲು ತಿರುಗಿದವನು ಚಿಕ್ಕಮಲ್ಲಪ್ಪನ ಎದುರಿಗೆ ನಿಂತ. ಇಷ್ಟು ಹತ್ತಿರದಲ್ಲಿ ಅವರಿಬ್ಬರೂ ಎಂದೂ ನಿಂತಿರಲಿಲ್ಲ. ಈ ಸಲ ಅವನು ಬುದ್ಧಿ ಅನ್ನಲಿಲ್ಲ.

"ನೆನ್ನೆ ಕೇಳ್ದೆ, ಒಂದ್ಸಲ ಬಂದು ನೋಡ್ಬುಡ್ಲಾ ಅಂತ. ಕರ್ದಿದ್ರೆ ಇಬ್ರೂ ಉಳ್ಕತಿದ್ದೊ."

ಕಮಿಷನರು ಅದನ್ನೂ ಬರೆದುಕೊಂಡರು.